ಕಂಚಿನ ಕೂಗು, ಕಬ್ಬಿಣದ ಸುರುಳಿ

ಚಾಮರಾಜನಗರದಿಂದ ಯಳಂದೂರಿನ ಮೂಲಕ ಕೊಳ್ಳೇಗಾಲಕ್ಕೆ ಹೋಗುವ ಹೆದ್ದಾರಿಯಲ್ಲಿ ಸಂತೆಮರಹಳ್ಳಿ ದಾರಿಗಳು ಕೂಡುವ ಊರು. ಹಿಪ್ಪುನೇರಳೆಯ ಹೊಲಗಳೂ ರೇಷ್ಮೆಯ ಕಾರ್ಖಾನೆಯೂ ಅದರ ಹೊರಗಿನ ಗುರುತು. ಒಳಗಿನ ಗುರುತು ಬೇರೊಂದುಂಟು. ಮಾದಪ್ಪನ ಬೆಟ್ಟಕ್ಕೋ ಚಿಕ್ಕಲ್ಲೂರಿಗೋ ಹೊರಟ ಜನ ಇಲ್ಲಿ ಬಸ್ಸು ಕಾಯುತ್ತಿರುವಾಗ ಯಾರದಾದರೂ ಫೋನಿನಿಂದ ಒಂದು ಹಾಡು ಹೊರಡುತ್ತದೆ. ಹಾಡಿಗಿಂತ ಮೊದಲು ಹೊರಡುವುದು ಗದ್ದಲ. ಧ್ವನಿವರ್ಧಕ ಒಮ್ಮೆ ಕಿರುಚುತ್ತದೆ. "ಮೈಕ ಇತ್ತಗ ತಿರುಗ್ಸಪ್ಪ" ಎಂದು ಯಾರೋ ಅನ್ನುತ್ತಾರೆ. ಮಗುವೊಂದು ಅಳುತ್ತದೆ, ದೂರದಲ್ಲಿ ನಾಯಿ ಬೊಗಳುತ್ತದೆ. ತಂಬೂರಿಯ ತಂತಿಯನ್ನು ಬಿಗಿದು, ಸಡಿಲಿಸಿ, ಮತ್ತೆ ಬಿಗಿದು ಶ್ರುತಿ ನೋಡುವ ಸದ್ದು ಎರಡು ನಿಮಿಷ ನಡೆಯುತ್ತದೆ. ಆಮೇಲೆ ಗಗ್ಗರ ಜಲ್ಲೆನ್ನುತ್ತದೆ, ಡಕ್ಕೆ ಮಾತನಾಡತೊಡಗುತ್ತದೆ, ಇರುಳಿಡೀ ಹಾಡಿ ಒಡೆದ ಕಂಠವೊಂದು ಎಲ್ಲೋ ನಡುಗಥೆಯಿಂದ ಎದ್ದು ಬರುತ್ತದೆ. ಬಸ್ಸು ಕಾಯುವವರ ಮಾತು ತಾನಾಗಿ ತಗ್ಗುತ್ತದೆ.

ಇದೇ ಕಥೆ ಸ್ಟುಡಿಯೋದಲ್ಲಿ ಮುದ್ರಿತವಾಗಿ ಅಚ್ಚುಕಟ್ಟಾಗಿಯೂ ದೊರೆಯುತ್ತದೆ. ಅದರಲ್ಲಿ ನಾಯಿಯಿಲ್ಲ, ಮಗುವಿಲ್ಲ, ಕಿರುಚುವ ಮೈಕಿಲ್ಲ. ಕಂಠ ಮುಂದೆ, ವಾದ್ಯ ಹಿಂದೆ. ಎಲ್ಲವೂ ತಮ್ಮ ತಮ್ಮ ಸ್ಥಾನದಲ್ಲಿ ಕುಳಿತಿವೆ. ಹಾಗಿದ್ದರೂ ಕೇಳಿ ಬಲ್ಲವರು ಆ ಗದ್ದಲದ ಮುದ್ರಣವನ್ನೇ ಹುಡುಕಿಕೊಂಡು ಹೋಗುತ್ತಾರೆ, ಒಬ್ಬರಿಂದೊಬ್ಬರು ಬೇಡಿ ಪಡೆಯುತ್ತಾರೆ. ಶುದ್ಧವಾದುದು ಕೈಗೆ ಸಿಗುವಾಗ ಈ ಒರಟಿನ ಮೇಲೆ ಇಷ್ಟು ಮೋಹವೇಕೆ?

ಕಬ್ಬಿಣದ ಭಿಕ್ಷೆ

ಉತ್ತರಕ್ಕೆ ಮುನ್ನ ಹಾಡುವವರನ್ನು ನೋಡಬೇಕು. ಈ ಸೀಮೆಯಲ್ಲಿ ಬೆಳಗಿನವರೆಗೆ ಹಾಡುವ ಪರಂಪರೆಗಳಲ್ಲಿ ಹೆಸರಾದವು ಎರಡು. ಎಪ್ಪತ್ತೇಳು ಮಲೆಯ ಮಹದೇಶ್ವರನ ಕಥೆಯನ್ನು ಹಾಡುವವರು ದೇವರಗುಡ್ಡರು. ಅವರ ಕೈಯ ವಾದ್ಯ ಕಂಸಾಳೆ. ಎಡಗೈಯಲ್ಲಿ ಬಟ್ಟಲಿನಂಥ ಕಂಚಿನ ತಾಳ, ಬಲಗೈಯಲ್ಲಿ ದಾರ ಪೋಣಿಸಿದ ಚಪ್ಪಟೆ ತಾಳ. ಬೀಸಿ ಹೊಡೆದರೆ ಆ ಕಂಚಿನ ಕೂಗು ಊರಾಚೆಯ ಗದ್ದೆಯವರೆಗೆ ಕೇಳುತ್ತದೆ. ಮಂಟೇಸ್ವಾಮಿ, ರಾಚಪ್ಪಾಜಿ, ಸಿದ್ದಪ್ಪಾಜಿಯರ ಕಥೆಯನ್ನು ಹಾಡುವವರು ನೀಲಗಾರರು. ಅವರಿಗೆ ತಂಬೂರಿ, ಡಕ್ಕೆ, ತಾಳ, ಗಗ್ಗರ. ಗಗ್ಗರವೆಂದರೆ ಒಳಗೆ ಹರಳು ತುಂಬಿದ ಟೊಳ್ಳು ಲೋಹದ ಬಳೆ. ಅದನ್ನು ಆಡಿಸಿದಾಗ ಏಳುವ ಝಲ್ಲೆಂಬ ಸದ್ದನ್ನು ಯಾವ ಮೈಕೂ ಇದುವರೆಗೆ ನೆಟ್ಟಗೆ ಹಿಡಿದುದಿಲ್ಲ ಎಂದರೆ ತಪ್ಪಾಗಲಾರದು.

ಈ ಕಥೆಗಳು ಸಣ್ಣವಲ್ಲ. ಅವು ಸಾಲುಸಾಲಾಗಿ ಹೋಗುತ್ತವೆ: ಶ್ರವಣನ ಸಾಲು, ಸಂಕಮ್ಮನ ಸಾಲು, ಇಕ್ಕೇರಿ ದೇವಮ್ಮನ ಸಾಲು, ಜುಂಜೇಗೌಡನ ಸಾಲು. ಒಂದೊಂದು ಸಾಲಿಗೆ ಒಂದೊಂದು ಇರುಳು ಸಾಲದೆ ಹೋಗುವುದೂ ಉಂಟು. ಮಂಟೇಸ್ವಾಮಿಯ ಕಾವ್ಯದಲ್ಲಿ ಜನ ಮತ್ತೆ ಮತ್ತೆ ಕೇಳಬಯಸುವ ಭಾಗ ಹಲಗೂರಿನದು. ಮಂಟೇಸ್ವಾಮಿ ತನ್ನ ಶಿಶುಮಗ ಸಿದ್ದಪ್ಪಾಜಿಯನ್ನು ಹಲಗೂರಿನ ಪಾಂಚಾಳರ ಬಳಿಗೆ ಭಿಕ್ಷೆಗೆ ಕಳಿಸುತ್ತಾನೆ. ಬೇಡಬೇಕಾದುದು ಅಕ್ಕಿಯನ್ನಲ್ಲ, ರಾಗಿಯನ್ನಲ್ಲ, ಕಬ್ಬಿಣವನ್ನು. ಸಿದ್ದಪ್ಪಾಜಿ ತಾನೂ ಕುಲುಮೆಯವರ ಮನೆಯಲ್ಲಿ ಹುಟ್ಟಿದವನು. ತನ್ನವರ ಮುಂದೆಯೇ ಜೋಳಿಗೆ ಒಡ್ಡಿ ನಿಲ್ಲುವ ಪಾಡು ಅವನದು. ಅವರು ಕೊಡಲೊಲ್ಲರು. ಇಲ್ಲವೆನ್ನುತ್ತಾರೆ, ಹೀಯಾಳಿಸುತ್ತಾರೆ, ಒಂದರ ಮೇಲೊಂದು ಪರೀಕ್ಷೆಗೆ ಒಡ್ಡುತ್ತಾರೆ. ಎಲ್ಲವನ್ನೂ ದಾಟಿ, ಕಬ್ಬಿಣವನ್ನು ಗೆದ್ದು, ಕಡೆಗೆ ಅವನು ಚಿಕ್ಕಲ್ಲೂರಿನಲ್ಲಿ ನೆಲಸುತ್ತಾನೆ. ಲೋಹ ಬಡಿಯುವವರ ಕಥೆ. ಬಡಿಯುವ ಲೋಹದ ಮೇಲೆಯೇ ಅದನ್ನು ಹಾಡುತ್ತಾರೆ.

ಮುಖ್ಯ ಗಾಯಕ ನುಡಿ ಎತ್ತುತ್ತಾನೆ. ಹಿಮ್ಮೇಳದವರು ಸೊಲ್ಲು ಹಿಡಿಯುತ್ತಾರೆ. ಎದುರಿಗೆ ಚಾಪೆಯ ಮೇಲೆ, ಜಗುಲಿಯ ಮೇಲೆ, ಕಂಬಳಿ ಹೊದ್ದು ಕುಳಿತವರಿಗೂ ಆ ಸೊಲ್ಲು ಗೊತ್ತು; ಅವರೂ ಸೇರುತ್ತಾರೆ. ಇಲ್ಲಿ ಗಮನಿಸಬೇಕಾದ ಸಂಗತಿಯೊಂದಿದೆ. ಗಾಯಕನ ಕಣ್ಣು ಸದಾ ಕೇಳುವವರ ಮೇಲಿರುತ್ತದೆ. ನಡುರಾತ್ರಿ ಕಳೆದು ಜನ ತೂಕಡಿಸತೊಡಗಿದರೆ ಅವನು ಲಯವನ್ನು ಚುರುಕು ಮಾಡುತ್ತಾನೆ, ಒಂದು ಹಾಸ್ಯ ಹೊಸೆಯುತ್ತಾನೆ, ಮನೆಯ ಯಜಮಾನನ ಹೆಸರನ್ನೇ ಕಥೆಯೊಳಗೆ ತಂದು ನಗಿಸುತ್ತಾನೆ. ಸಂಕಮ್ಮನ ಸಾಲಿನಲ್ಲಿ, ಅವಳ ಶೀಲವನ್ನು ಶಂಕಿಸಿದ ಗಂಡ ನೀಲೇಗೌಡ ಅವಳನ್ನು ಬಗೆಬಗೆಯಾಗಿ ಹಿಂಸಿಸುವೆಡೆ ಬಂದಾಗ, ಹೆಂಗಸರ ಕಡೆಯಿಂದ ನಿಟ್ಟುಸಿರು ಕೇಳಿದರೆ ಆ ಭಾಗವನ್ನು ಹಿಗ್ಗಿಸುತ್ತಾನೆ. ಕೇಳದಿದ್ದರೆ ಬೇಗ ದಾಟಿಸುತ್ತಾನೆ. ಎಂದಮೇಲೆ ಆ ಇರುಳಿನ ಕಾವ್ಯಕ್ಕೆ ಕರ್ತೃ ಒಬ್ಬನೇ ಅಲ್ಲ. ನಿಟ್ಟುಸಿರಿಟ್ಟವಳೂ ಅದರಲ್ಲಿ ಪಾಲುಗಾರಳು.

ಮೂರು ನಿಮಿಷದ ಸೆರೆ

ಯಂತ್ರಕ್ಕೆ ಈ ಪಾಲುಗಾರಿಕೆ ಬೇಕಿರಲಿಲ್ಲ. 1902ರಲ್ಲಿ ಕಲ್ಕತ್ತೆಯಲ್ಲಿ ಗ್ರಾಮಫೋನ್ ಕಂಪನಿಯವರು ಗೌಹರ್ ಜಾನ್‌ಳ ಹಾಡನ್ನು ಮುದ್ರಿಸಿಕೊಂಡಾಗ ತಟ್ಟೆಯ ಒಂದು ಮೈಯಲ್ಲಿ ಹಿಡಿಸುತ್ತಿದ್ದುದು ಸುಮಾರು ಮೂರು ನಿಮಿಷ. ತಾಸುಗಟ್ಟಲೆ ಹಾಡುವ ರಾಗವನ್ನು ಆಕೆ ಆ ಮೂರು ನಿಮಿಷಕ್ಕೆ ಮಡಿಸಿ ಇಟ್ಟಳು; ಕೊನೆಗೆ ತನ್ನ ಹೆಸರನ್ನು ತಾನೇ ಕೂಗಿ ಹೇಳಿದಳು. ಆ ಮಹಾಗಾಯಕಿ ತನ್ನ ಕೊನೆಯ ದಿನಗಳನ್ನು ಕಳೆದುದು ಸಂತೆಮರಹಳ್ಳಿಗೆ ದೂರವಲ್ಲದ ಮೈಸೂರಿನಲ್ಲಿ. 1930ರ ಜನವರಿಯಲ್ಲಿ ಅಲ್ಲಿಯೇ ಕಾಲವಾದಳು. ಮೈಸೂರಿನ ಸುತ್ತಣ ಹಳ್ಳಿಗಳಲ್ಲಿ ಆಗಲೂ ನೀಲಗಾರರು ಬೆಳಗಿನವರೆಗೆ ಹಾಡುತ್ತಿದ್ದರು. ಮೂರು ನಿಮಿಷದ ಆ ಸೆರೆಗೆ ಅವರ ಕಾವ್ಯ ಸಿಕ್ಕುವಂತಿರಲಿಲ್ಲ. ಅಂಥ ತಟ್ಟೆಗಳಲ್ಲಿ ಹತ್ತು ತಾಸಿನ ಒಂದು ಇರುಳನ್ನು ತುಂಬಬೇಕಾದರೆ ಇನ್ನೂರು ಮೈಗಳು ಬೇಕು, ತಟ್ಟೆ ಬದಲಿಸುವ ಹೊತ್ತು ಬೇರೆ!

ಈ ತೊಡಕನ್ನು ಬಿಡಿಸಲು ಹೊರಟ ವಿದ್ವಾಂಸನೊಬ್ಬನ ಕಥೆ ಇಲ್ಲಿ ಹೇಳಬೇಕಾದದ್ದೇ. ಅಮೆರಿಕದ ಹಾರ್ವರ್ಡ್ ವಿಶ್ವವಿದ್ಯಾಲಯದ ಮಿಲ್ಮನ್ ಪ್ಯಾರಿ ಹೋಮರನ ಮಹಾಕಾವ್ಯ ಹೇಗೆ ಹುಟ್ಟಿರಬಹುದೆಂದು ತಿಳಿಯುವ ಆಸೆಯಿಂದ 1930ರ ದಶಕದಲ್ಲಿ ಯುಗೋಸ್ಲಾವಿಯದ ಹಳ್ಳಿಗಳಿಗೆ ಹೋದ. ಎರಡು ತಿರುಗುಮಣೆಗಳ ಯಂತ್ರವನ್ನು ಮಾಡಿಸಿಕೊಂಡ. ಒಂದರ ಮೇಲಿನ ತಟ್ಟೆ ಮುಗಿಯುವಷ್ಟರಲ್ಲಿ ಇನ್ನೊಂದು ಓಡತೊಡಗುವುದು. ಆ ತಟ್ಟೆಗಳು ಅಲ್ಯೂಮಿನಿಯಮ್ಮಿನವು. ಗಾಯಕ ನಿಲ್ಲಿಸಬೇಕಾದ್ದಿಲ್ಲ, ಕಥೆ ಮಡಿಸಬೇಕಾದ್ದಿಲ್ಲ. ಅವ್ದೊ ಮೆಜೆದೊವಿಚ್ ಎಂಬ ಅನಕ್ಷರಸ್ಥ ಗಾಯಕ 1935ರಲ್ಲಿ ಹನ್ನೆರಡು ಸಾವಿರಕ್ಕೂ ಹೆಚ್ಚು ಪಂಕ್ತಿಗಳ ಒಂದೇ ಕಾವ್ಯವನ್ನು ಅವನಿಗೆ ಒದಗಿಸಿಕೊಟ್ಟ. ಬಾಯಲ್ಲಿ ಬಾಳುವ ಕಾವ್ಯವನ್ನು ಗಾಯಕ ಪ್ರತಿಸಲವೂ ಹೊಸದಾಗಿ ಕಟ್ಟುತ್ತಾನೆ ಎಂಬ ತಿಳಿವು ವಿದ್ವತ್ಪ್ರಪಂಚದಲ್ಲಿ ನೆಲೆಯೂರಿದ್ದು ಈ ದಿಕ್ಕಿನಿಂದ. ನಮ್ಮ ಜಗುಲಿಯ ಮೇಲೆ ಕುಳಿತವರಿಗೆ ಅದು ಮೊದಲೇ ಗೊತ್ತಿದ್ದಿತೆಂಬುದು ಬೇರೆ ಮಾತು.

ಕನ್ನಡದಲ್ಲಿ ಈ ಕೆಲಸಕ್ಕೆ ಟೇಪ್ ರೆಕಾರ್ಡರ್ ಬರಬೇಕಾಯಿತು. ಮೈಸೂರು ವಿಶ್ವವಿದ್ಯಾಲಯದ ಜೀ. ಶಂ. ಪರಮಶಿವಯ್ಯನವರೂ ಅವರ ಓರಗೆಯವರೂ ಹಳ್ಳಿ ಹಳ್ಳಿ ಅಲೆದು ದಕ್ಷಿಣ ಕರ್ನಾಟಕದ ವೃತ್ತಿಗಾಯಕರನ್ನು ಕಂಡರು. 1973ರಲ್ಲಿ ಪಿ. ಕೆ. ರಾಜಶೇಖರ ಅವರು ಸಂಗ್ರಹಿಸಿದ 'ಮಲೆಯ ಮಾದೇಶ್ವರ' ಪುಸ್ತಕವಾಗಿ ಬಂದಿತು. ಹೆಬ್ಬಣಿ ಮಾದಯ್ಯ ಮತ್ತು ಅವರ ತಂಡ ಹಾಡಿದ ಪಾಠವನ್ನು ಕೆ. ಕೇಶವನ್ ಪ್ರಸಾದ್ ಸಂಗ್ರಹಿಸಿದರು. ಅದು 2001ರಲ್ಲಿ ಸಾಹಿತ್ಯ ಅಕಾಡೆಮಿಯಿಂದ ಇಂಗ್ಲಿಷಿನಲ್ಲಿಯೂ ಪ್ರಕಟವಾಯಿತು. ಇವು ದೊಡ್ಡ ಕೆಲಸಗಳು. ಆದರೆ ಅಚ್ಚಾದ ಪುಟದಲ್ಲಿ ಗಗ್ಗರ ಕೇಳಿಸುವುದಿಲ್ಲ. ಗಾಯಕ ಯಾವ ನುಡಿಯ ಮೇಲೆ ನಿಂತ, ಎಲ್ಲಿ ಎಲೆಯಡಿಕೆ ಉಗುಳಿ ಮುಂದುವರಿದ, ಎಲ್ಲಿ ಜನ ನಕ್ಕರು ಎಂಬುದು ಪುಸ್ತಕಕ್ಕೆ ಬರುವಂಥದಲ್ಲ.

ಕ್ಯಾಸೆಟ್ಟುಗಳ ಕಾಲದ ವಿಷಯದಲ್ಲಿ ನ್ಯಾಯವಾಗಿ ಮಾತನಾಡಬೇಕು. ಮಳವಳ್ಳಿ ಮಹದೇವಸ್ವಾಮಿಯವರಂಥ ಗಾಯಕರ ಧ್ವನಿಸುರುಳಿಗಳು ಮಾದಪ್ಪನನ್ನೂ ಸಿದ್ದಪ್ಪಾಜಿಯನ್ನೂ, ಊರು ಬಿಟ್ಟು ಬೆಂಗಳೂರು ಸೇರಿದವರ ಮನೆಯವರೆಗೆ ತಲುಪಿಸಿದವು. ಒಂದು ಮೈಗೆ ಮೂವತ್ತು ನಿಮಿಷ. ಮೂರು ನಿಮಿಷದ ಸೆರೆಗಿಂತ ಇದು ಎಷ್ಟೋ ವಿಶಾಲ. ಆದರೂ ಸೆರೆ ಸೆರೆಯೇ. ಸ್ಟುಡಿಯೋದ ಗೋಡೆಗೆ ನಿಟ್ಟುಸಿರಿಡಲು ಬಾರದು. ಗಾಯಕ ಯಾರ ಮುಖ ನೋಡಿ ಕಥೆಯನ್ನು ಹಿಗ್ಗಿಸಬೇಕು? ಆಮೇಲಾಮೇಲೆ ಕೀಬೋರ್ಡು, ತಾಳಯಂತ್ರಗಳು ಸೇರಿ ಗಗ್ಗರ ಹಿಂದೆ ಸರಿಯಿತು. 2020ರಲ್ಲಿ ಸಂಕಮ್ಮನ ಕಥೆಯ ಎಳೆ ಹಿಡಿದು ಹೊಸ ಧಾಟಿಯಲ್ಲಿ ಹೊರಬಂದ ಒಂದು ಚಿತ್ರಗೀತಿಕೆಗೆ ಮಾದಪ್ಪನ ಒಕ್ಕಲಿನವರು ಸಿಡಿದೆದ್ದರು, ಅದನ್ನು ಹಿಂತೆಗೆದುಕೊಳ್ಳಬೇಕಾಯಿತು. ಸಂಕಮ್ಮನನ್ನು ಕಣ್ಣೀರಿನೊಡನೆ ಕೇಳಿದ ಕಿವಿಗೆ ಆ ಕುಣಿತ ಸಹಿಸಲಿಲ್ಲ.

ತುಕ್ಕಿನ ನೆನಪು

ಈಗ ಆ ಒರಟು ಸುರುಳಿಗೆ ಬರೋಣ. ಜಾತ್ರೆಯಲ್ಲಿ, ಹರಕೆಯ ಮನೆಯಲ್ಲಿ, ತಿಥಿಯ ರಾತ್ರಿಯಲ್ಲಿ ಯಾರೋ ಒಬ್ಬ ಹುಡುಗ ಗಾಯಕನ ಮಗ್ಗುಲಲ್ಲಿ ಒಂದು ಟೇಪ್ ರೆಕಾರ್ಡರನ್ನು ಇಟ್ಟು, ಗುಂಡಿ ಒತ್ತಿ, ಪಕ್ಕದಲ್ಲಿ ಕುಳಿತು ನಿದ್ದೆ ಹೋದ. ಇಷ್ಟೇ ಅದರ ಹುಟ್ಟು. ಅಗ್ಗದ ಯಂತ್ರಗಳಲ್ಲಿ ಧ್ವನಿಯ ಮಟ್ಟವನ್ನು ತಾನಾಗಿ ಏರಿಳಿಸುವ ಒಂದು ಏರ್ಪಾಡಿರುತ್ತದೆ. ಕಂಸಾಳೆ ಘಣಿಲ್ಲೆಂದೊಡನೆ ಯಂತ್ರ ಬೆಚ್ಚಿ ಕಿವಿ ಮುಚ್ಚಿಕೊಳ್ಳುತ್ತದೆ. ಗಾಯಕನ ಕಂಠ ತಟ್ಟನೆ ಬಾವಿಗೆ ಬಿದ್ದಂತೆ ದೂರವಾಗುತ್ತದೆ. ಹಾಡು ನಿಂತು ಮೌನವಾದಾಗ ಯಂತ್ರ ಮೆಲ್ಲಮೆಲ್ಲನೆ ಕಿವಿ ತೆರೆಯುತ್ತದೆ. ಆಗ ಜೀರುಂಡೆಯ ಸದ್ದು, ಒಲೆಯ ಸೌದೆ ಸಿಡಿವ ಸದ್ದು, ಅಡಿಗೆಯ ಮನೆಯ ಪಿಸುಮಾತು ಎಲ್ಲವೂ ಮೇಲೆದ್ದು ಬರುತ್ತವೆ. ಹೀಗೆ ಯಂತ್ರದ ದೋಷವೇ ಕೇಳುವವನನ್ನು ಒಮ್ಮೆ ಗಾಯಕನ ಬಳಿಗೂ ಒಮ್ಮೆ ಹಿಂದಿನ ಸಾಲಿಗೂ ಒಯ್ದು ಕೂರಿಸುತ್ತದೆ.

ಇನ್ನೊಂದು ಸೋಜಿಗವಿದೆ. ಕಾಂತಸುರುಳಿ ಎಂದರೆ ಪ್ಲಾಸ್ಟಿಕ್ ಪಟ್ಟಿಯ ಮೇಲೆ ಬಳಿದ ಕಬ್ಬಿಣದ ಆಕ್ಸೈಡಿನ ನುಣ್ಣನೆಯ ಪುಡಿ. ನೇರವಾಗಿ ಹೇಳುವುದಾದರೆ ತುಕ್ಕು. ಸಿದ್ದಪ್ಪಾಜಿ ಬೇಡಿ ತಂದ ಕಬ್ಬಿಣದ ಕಥೆ ಇಷ್ಟು ವರ್ಷ ಉಳಿದದ್ದು ಕಬ್ಬಿಣದ ಪುಡಿಯ ಮೇಲೆಯೇ. ಸುರುಳಿಯನ್ನು ಬಹುಕಾಲ ಸುತ್ತಿಟ್ಟಿದ್ದರೆ ಒಂದು ಸುತ್ತಿನ ಕಾಂತ ಪಕ್ಕದ ಸುತ್ತಿನ ಮೇಲೆ ಮಸುಕಾಗಿ ಮೂಡುತ್ತದೆ. ಆದುದರಿಂದ ಹಳೆಯ ಸುರುಳಿಯಲ್ಲಿ ಗಾಯಕ ಬಾಯಿ ತೆರೆಯುವ ಒಂದು ಗಳಿಗೆ ಮುಂಚೆ, ಅದೇ ನುಡಿ ದೂರದಿಂದ ಬಂದಂತೆ ಅತಿಮೆಲ್ಲಗೆ ಕೇಳಿಸುವುದುಂಟು. ಹಾಡಿಗಿಂತ ಮೊದಲು ಹಾಡಿನ ನೆರಳು! ಎಂಜಿನಿಯರರು ಇದನ್ನು ದೋಷವೆಂದು ಬರೆದಿಡುತ್ತಾರೆ.

ಬರ್ಮಿಂಗ್‌ಹ್ಯಾಮಿನ ಕುಲುಮೆ

ಲೋಹದ ಹೆಸರನ್ನೇ ಹೊತ್ತ ಸಂಗೀತವೊಂದು ಪಶ್ಚಿಮದಲ್ಲಿಯೂ ಹುಟ್ಟಿತು. ಅದರ ರಸಿಕರಿಗೂ ಇದೇ ಮೋಹ ಹಿಡಿದಿದೆ. ಹೆವಿ ಮೆಟಲ್ ಎಂದು ಕರೆಯುವ ಆ ಸಂಗೀತದ ತವರು ಇಂಗ್ಲೆಂಡಿನ ಬರ್ಮಿಂಗ್‌ಹ್ಯಾಮ್. ಕಬ್ಬಿಣ, ಉಕ್ಕು, ಕಾರ್ಖಾನೆಗಳ ಊರು. ಬ್ಲ್ಯಾಕ್ ಸಬಾತ್ ತಂಡದ ಗಿಟಾರ್ ವಾದಕ ಟೋನಿ ಅಯೋಮಿ ಹದಿಹರೆಯದಲ್ಲಿ ಲೋಹದ ತಗಡಿನ ಕಾರ್ಖಾನೆಯಲ್ಲಿ ಕೆಲಸಕ್ಕಿದ್ದ. ಯಂತ್ರ ಅವನ ಬಲಗೈಯ ಎರಡು ಬೆರಳ ತುದಿಗಳನ್ನು ಕತ್ತರಿಸಿತು. ಪ್ಲಾಸ್ಟಿಕ್ ಕರಗಿಸಿ ಮಾಡಿದ ಟೋಪಿಯನ್ನು ಬೆರಳಿಗೆ ತೊಡಿಸಿ ಅವನು ಮತ್ತೆ ನುಡಿಸಿದ. ನೋವು ತಾಳಲು ಮುಂದೆ ತಂತಿಗಳನ್ನು ಸಡಿಲಿಸಿದ. ಆ ಸಡಿಲಿನಿಂದ ಬಂದ ಭಾರವಾದ ನಾದವೇ ಒಂದು ಪಂಥವಾಯಿತು. ಅವರ ಮೊದಲ ತಟ್ಟೆ 1969ರ ಅಕ್ಟೋಬರಿನಲ್ಲಿ ಒಂದೇ ದಿನದಲ್ಲಿ, ಕಛೇರಿಯಲ್ಲಿ ನುಡಿಸುವಂತೆಯೇ ನುಡಿಸಿ ಮುಗಿಸಿದ್ದು.

1972ರ ಆಗಸ್ಟಿನಲ್ಲಿ ಡೀಪ್ ಪರ್ಪಲ್ ತಂಡ ಜಪಾನಿನ ಒಸಾಕಾ, ಟೋಕಿಯೋಗಳಲ್ಲಿ ಮೂರು ಇರುಳು ನುಡಿಸಿತು. ಅಲ್ಲಿಯ ಕಂಪನಿಗೆ ಮುದ್ರಣ ಬೇಕಿತ್ತು. ತಂಡದವರಿಗೆ ಅದರಲ್ಲಿ ಅಂಥ ಉತ್ಸಾಹವಿರಲಿಲ್ಲ. ಆಮೇಲೆ ಸ್ಟುಡಿಯೋದಲ್ಲಿ ಏನನ್ನೂ ಸೇರಿಸದೆ ಹೊರಬಂದ ಆ 'ಮೇಡ್ ಇನ್ ಜಪಾನ್' ಅವರ ಕೀರ್ತಿಯ ಶಿಖರಗಳಲ್ಲೊಂದಾಯಿತು. ಏಳು ವರ್ಷದ ಮೇಲೆ ಬರ್ಮಿಂಗ್‌ಹ್ಯಾಮ್ ಕಡೆಯದೇ ಆದ ಜೂಡಾಸ್ ಪ್ರೀಸ್ಟ್ ತಂಡ ಟೋಕಿಯೋದ ಕಛೇರಿಯನ್ನು 'ಅನ್‌ಲೀಷ್ಡ್ ಇನ್ ದಿ ಈಸ್ಟ್' ಎಂಬ ಹೆಸರಿನಿಂದ ಹೊರತಂದಾಗ, ಗಾಯಕನ ಕಂಠವನ್ನು ಸ್ಟುಡಿಯೋದಲ್ಲಿ ಮತ್ತೆ ಮುದ್ರಿಸಿ ಸೇರಿಸಿದ್ದಾರೆಂಬ ಸಂಗತಿ ಬಯಲಾಯಿತು. ರಸಿಕರು ಹೆಸರಿನ ಕೊನೆಯ 'ಈಸ್ಟ್' ಕಿತ್ತು 'ಸ್ಟುಡಿಯೋ' ಎಂದು ಸೇರಿಸಿ ಇಂದಿಗೂ ನಗುತ್ತಾರೆ. ಹಾಡು ಚೆನ್ನಾಗಿಲ್ಲವೆಂದಲ್ಲ, ಬಹಳ ಚೆನ್ನಾಗಿದೆ. ಸಾವಿರಾರು ಜನರ ಎದುರಿಗೆ ಹಾಡಿದುದೆಂದು ಕೊಟ್ಟದ್ದನ್ನು ಗೋಡೆಯ ಎದುರಿಗೆ ಹಾಡಿದ್ದರೆಂಬುದೇ ಅವರ ದೂರು. ಕೇಳುವವರಿಗೆ ಉಳಿದೆಲ್ಲವನ್ನೂ ಕ್ಷಮಿಸಲು ಸಾಧ್ಯ, ತಮ್ಮನ್ನು ಹೊರಗಿಟ್ಟದ್ದನ್ನು ಮಾತ್ರ ಸಾಧ್ಯವಿಲ್ಲ.

ಆ ಹುಚ್ಚು ಕರ್ನಾಟಕಕ್ಕೂ ಬಂದಿತು. 2007ರ ಮಾರ್ಚ್ 17ರಂದು ಬೆಂಗಳೂರಿನ ಅರಮನೆ ಮೈದಾನದಲ್ಲಿ ಐರನ್ ಮೇಡನ್ ತಂಡ ಭಾರತದಲ್ಲಿಯ ತನ್ನ ಮೊದಲ ಕಛೇರಿ ನಡೆಸಿತು; 2011ರ ಅಕ್ಟೋಬರ್ 30ರಂದು ಮೆಟಾಲಿಕಾ ಅದೇ ಮೈದಾನಕ್ಕೆ ಬಂದಿತು. ಜನಸಂದಣಿಯ ನಡುವೆ ಎತ್ತಿ ಹಿಡಿದ ಫೋನು, ಪುಟ್ಟ ಕ್ಯಾಮೆರಾಗಳಲ್ಲಿ ಸೆರೆಯಾದ ನಡುಗುವ, ಒಡೆದ ಮುದ್ರಣಗಳಲ್ಲಿ ಗಿಟಾರಿಗಿಂತ ಪಕ್ಕದಲ್ಲಿ ನಿಂತವನ ಕೂಗೇ ದೊಡ್ಡದು. ಅದೇ ಹಾಡುಗಳ ನಿರ್ಮಲವಾದ ಮುದ್ರಣ ಬೇಕಾದಷ್ಟು ಸಿಗುವಾಗಲೂ ಅವನ್ನು ಅಳಿಸಿಹಾಕುವವರು ಕಡಿಮೆ.

ಇಷ್ಟರಿಂದ ಒರಟೆಲ್ಲ ಉತ್ತಮವೆಂದು ತಿಳಿಯಬಾರದು. ಮೈಕನ್ನು ಡಕ್ಕೆಯ ಬಾಯಿಗೇ ಇಟ್ಟು, ಇರುಳಿಡೀ ಒಂದು ನುಡಿಯೂ ತಿಳಿಯದಂತೆ ಮುದ್ರಿಸಿದ ಸುರುಳಿಗಳೂ ಇವೆ; ಅವು ಬರಿಯ ಕೆಟ್ಟ ಮುದ್ರಣಗಳು, ಅವುಗಳಲ್ಲಿ ಹುಡುಕಬೇಕಾದ ಸೊಗಸೇನೂ ಇಲ್ಲ. ಜನ ಬಯಸುವುದು ಗದ್ದಲವನ್ನಲ್ಲ. ಹಾಡಿಗೆ ಯಾರೋ ಓಗೊಟ್ಟರು, ಆ ಓಗೊಟ್ಟದ್ದರಿಂದ ಹಾಡು ಬೇರೆ ದಾರಿ ಹಿಡಿಯಿತು ಎಂಬ ಗುರುತನ್ನು. ಗದ್ದಲದಲ್ಲಿ ಆ ಗುರುತು ಸಿಕ್ಕಿಕೊಂಡಿದೆ, ಅಷ್ಟೆ.

ಆದರೆ ಗುರುತು ಅಳಿಯುತ್ತಿದೆ. ಸುರುಳಿಯ ತುಕ್ಕನ್ನು ಪಟ್ಟಿಗೆ ಹಿಡಿದಿಡುವ ಅಂಟು ನಮ್ಮ ಸೆಖೆಯಲ್ಲಿ, ತೇವದಲ್ಲಿ ಸಡಿಲುತ್ತದೆ, ಬೂಷ್ಟು ಹಿಡಿಯುತ್ತದೆ, ಓಡಿಸಿದರೆ ಕಂದುಪುಡಿ ಉದುರುತ್ತದೆ. ಉದುರಿದ ಪುಡಿಯೇ ಹಾಡು. ನುಡಿಸುವ ಯಂತ್ರವೂ ಅದನ್ನು ರಿಪೇರಿ ಮಾಡುವ ಕೈಯೂ ಊರುಗಳಲ್ಲಿ ವಿರಳವಾಗಿವೆ. ಬದುಕಿರುವ ಸುರುಳಿಗಳನ್ನು ಗಣಕಯಂತ್ರಕ್ಕೆ ಇಳಿಸುವಾಗ ಇನ್ನೊಂದು ಅಪಾಯ ಕಾದಿರುತ್ತದೆ. ಸದ್ದನ್ನು ತೊಳೆಯುವ ತಂತ್ರಗಳಿವೆ. ಒಂದು ಗುಂಡಿ ಒತ್ತಿದರೆ ಜೀರುಂಡೆ ಹೋಗುತ್ತದೆ, ಕೆಮ್ಮು ಹೋಗುತ್ತದೆ, ಹಿಂದಿನ ಸಾಲಿನ ಪಿಸುಮಾತು ಹೋಗುತ್ತದೆ. ಗಗ್ಗರದ ಝಲ್ಲೆಂಬ ನಾದವನ್ನೂ ಆ ತಂತ್ರ ಗೊರಗೊರವೆಂದೇ ಭಾವಿಸಿ ಒರೆಸಿಬಿಡುವುದುಂಟು, ಏಕೆಂದರೆ ಯಂತ್ರಕ್ಕೆ ಎರಡೂ ಒಂದೇ ಬಗೆಯ ಸದ್ದು. ತಿಥಿಯ ರಾತ್ರಿಯ ಸುರುಳಿಯಲ್ಲಿ ಕೆಮ್ಮಿದವರು ಯಾರೆಂಬುದು ಮನೆಯವರಿಗೆ ಗೊತ್ತು. ಕೆಮ್ಮಿದ ಅಜ್ಜಿಯೂ ಈಗಿಲ್ಲದಿರಬಹುದು. ಅವಳ ಧ್ವನಿ ಬೇರೆಲ್ಲೂ ಉಳಿಯದಿರಬಹುದು. ತೊಳೆಯುವವನು ಮೊದಲು ಅವರನ್ನು ಕೇಳಬೇಕಲ್ಲವೆ? ಒರಟನ್ನು ಒರಟಾಗಿಯೇ ಒಂದು ಪ್ರತಿ ಇಟ್ಟು, ಆಮೇಲೆ ಬೇಕಾದರೆ ಇನ್ನೊಂದನ್ನು ತೊಳೆಯುವುದು ಕಷ್ಟದ ಕೆಲಸವೇನಲ್ಲ.

ಈ ಸುರುಳಿಗಳಲ್ಲಿ ಎಲ್ಲರೂ ಬಲ್ಲ ಒಂದು ತೂತಿದೆ. ನಲವತ್ತೈದನೆಯ ನಿಮಿಷಕ್ಕೆ, ಹಾಡಿನ ನಡುವೆಯೇ, ಟಕ್ಕೆಂದು ಸುರುಳಿ ಮುಗಿಯುತ್ತದೆ. ನಿದ್ದೆ ಹೋದ ಹುಡುಗ ಎದ್ದು ಮೈ ತಿರುವಿ ಹಾಕುವಷ್ಟರಲ್ಲಿ ಕಥೆ ನಾಲ್ಕಾರು ನುಡಿ ಮುಂದೆ ಹೋಗಿರುತ್ತದೆ. ಸಿದ್ದಪ್ಪಾಜಿ ಹಲಗೂರಿನ ಕುಲುಮೆಯ ಬಾಗಿಲಲ್ಲಿ ಜೋಳಿಗೆ ಒಡ್ಡಿ ನಿಂತಿದ್ದಾನೆ, ಟಕ್. ಮತ್ತೆ ಸದ್ದು ಬರುವಾಗ ಪಾಂಚಾಳರು ಆಗಲೇ ಇಲ್ಲವೆಂದು ಬಿಟ್ಟಿದ್ದಾರೆ. ಬಸ್ಸು ಕಾಯುತ್ತ ಕೇಳುವ ಮುದುಕರಿಗೆ ಇದರಿಂದ ತೊಂದರೆಯಿಲ್ಲ. ಆ ನಾಲ್ಕು ನುಡಿಯನ್ನು ಅವರು ತುಟಿಯಲ್ಲಿಯೇ ಹೇಳಿಕೊಂಡು, ಗಗ್ಗರ ಮರಳಿ ಜಲ್ಲೆನ್ನುವ ಹೊತ್ತಿಗೆ ಸೊಲ್ಲಿಗೆ ಸರಿಯಾಗಿ ಬಂದು ಸೇರುತ್ತಾರೆ.